ಹೆಣ ಎಲ್ಲಿ, ಬ್ರೋಕ್ಮನ್ ಅವರೇ?

೧

ಜರ್ಮನಿಯಲ್ಲಿ ಕಥೆಯನ್ನು ಎಲ್ಲಿಂದ ಶುರು ಮಾಡಬೇಕು ಎಂದು ಯಾರೂ ತಲೆ ಕೆಡಿಸಿಕೊಳ್ಳುವುದಿಲ್ಲ. ಹೆಣದಿಂದ ಶುರು ಮಾಡಬೇಕು. ನಾಯಿಯನ್ನು ಕಾಡಿನಲ್ಲಿ ಅಡ್ಡಾಡಿಸಲು ಹೋದವನೊಬ್ಬ ಎಡವಬೇಕು, ನಾಯಿ ಬೊಗಳಬೇಕು, ಒದ್ದೆ ಎಲೆಗಳ ನಡುವೆ ಒಂದು ಕೈ ಕಾಣಬೇಕು. ಭಾನುವಾರ ಸಂಜೆ ಇಡೀ ದೇಶ ಟೀವಿಯ ಮುಂದೆ ಸೋಫಾದ ಮೇಲೆ ಕಾಲು ಚಾಚಿ ಕೂತು ಆ ಕೈ ಯಾರದು ಎಂದು ಕೇಳುತ್ತದೆ. ನಾನು ಇಲ್ಲಿಗೆ ಬಂದು ಕಾಲು ಶತಮಾನವಾಯಿತು. ಭಾನುವಾರ ಒಂದು ಕೊಲೆ ನೋಡದಿದ್ದರೆ ನನಗೂ ಈಗ ಸೋಮವಾರ ರುಚಿಸುವುದಿಲ್ಲ.

ಆದ್ದರಿಂದ ಮೊದಲ ಕರಡನ್ನು ನಿಯಮದ ಪ್ರಕಾರವೇ ಬರೆದೆ. ಸಿನಿಮಾ ಮತ್ತು ಟೀವಿಗೆ ಚಿತ್ರಕಥೆ ಬರೆಯುವ ಹೆನ್ನಿಂಗ್ ಬ್ರೋಕ್ಮನ್, ವಯಸ್ಸು ಅರವತ್ತರ ಹತ್ತಿರ, ಕಲೋನ್ ನಗರದ ತನ್ನ ಮನೆಯಲ್ಲಿ ಮೇಜಿನ ಮೇಲೆ ತಲೆಯಿಟ್ಟು ಸತ್ತುಬಿದ್ದಿದ್ದಾನೆ. ಪಕ್ಕದಲ್ಲಿ ಅರ್ಧ ತಿಂದ ಚೀಸ್ ಬ್ರೆಡ್ಡು. ಎರಡನೆಯ ಪ್ಯಾರಾಕ್ಕೆ ಹೋಗುವಷ್ಟರಲ್ಲಿ ಹೆಣ ತಲೆಯೆತ್ತಿ ನನ್ನನ್ನೇ ನೋಡಿತು.

"ಏನ್ರೀ ಇದು? ಮೂವತ್ತು ವರ್ಷದಿಂದ ನಾನು ಹೊಟ್ಟೆಪಾಡಿಗೆ ಮಾಡ್ಕೊಂಡು ಬಂದಿರೋದೇ ಇದು. ನಿಮಗೂ ಬೇರೆ ಏನೂ ಹೊಳೀಲಿಲ್ವಾ?"

"ಹೊಳೀಲಿಲ್ಲ."

"ಹಾಗಾದ್ರೆ ಆ ಬ್ರೆಡ್ಡಾದ್ರೂ ತಿನ್ನೋಕೆ ಬಿಡಿ."

ತಿಂದ. ಹೆಣವೇ ಬ್ರೆಡ್ಡು ತಿಂದ ಮೇಲೆ ಕರಡನ್ನು ಇಟ್ಟುಕೊಂಡು ಏನು ಮಾಡುವುದು? ಹರಿದು ಹಾಕಿದೆ.

೨

ಹುಟ್ಟಿನಿಂದ ಶುರು ಮಾಡೋಣ ಎಂದರೆ ಹೆನ್ನಿಂಗ್ ಹುಟ್ಟಿದ ಲಿಪ್‌ಸ್ಟಾಟ್ ಎಂಬ ಊರಿನಲ್ಲಿ ಅಂಥದ್ದೇನೂ ನಡೆಯುವುದಿಲ್ಲ. (ಅದೇ ಈ ಕಥೆಯ ಮುಖ್ಯ ವಿಷಯ ಎಂದು ಆಮೇಲೆ ಗೊತ್ತಾಗುತ್ತದೆ. ಈಗಲೇ ಹೇಳಿಬಿಟ್ಟೆ. ಗುಟ್ಟು ಕಾಯುವ ಕೆಲಸ ನನಗೆ ಬರುವುದಿಲ್ಲ.)

ಅವನಿಗೊಬ್ಬ ಅಕ್ಕ, ಅಲ್ಮೂಟ್. ಊರಿನ ಬಯಲು ಈಜುಕೊಳದ ಪಕ್ಕದಲ್ಲಿ ಅವಳದೊಂದು ಗೂಡಂಗಡಿ. ಆಲೂಗೆಡ್ಡೆ ಫ್ರೈಸು, ಸಾಸೇಜು, ಐಸ್‌ಕ್ರೀಮು. ಮೇ ತಿಂಗಳಲ್ಲಿ ತೆಗೆಯುತ್ತಾಳೆ, ಸೆಪ್ಟೆಂಬರಿನಲ್ಲಿ ಮುಚ್ಚುತ್ತಾಳೆ. ನಡುವೆ ಒದ್ದೆ ಕಾಲಲ್ಲಿ ಓಡುವ ಮಕ್ಕಳಿಗೆ ಬಯ್ಯುತ್ತಾಳೆ. ಸಿನಿಮಾ ಶಾಲೆ ಮುಗಿಸಿದ ಹೆನ್ನಿಂಗ್ ಬರೆದ ಮೊದಲ ಚಿತ್ರಕಥೆ ಇಷ್ಟೇ: ಅಲ್ಮೂಟಳ ಒಂದು ಬೇಸಿಗೆ. ಅವಳು ಎಣ್ಣೆ ಕಾಯಿಸುತ್ತಾಳೆ, ಬಯ್ಯುತ್ತಾಳೆ, ಗಂಡ ಡೆಟ್ಲೆಫ್ ನೀರಿನ ವ್ಯಾಯಾಮ ಕಲಿಸುವವಳ ಜೊತೆ ಓಡಿಹೋಗುತ್ತಾನೆ, ಮಾರನೆಯ ದಿನವೂ ಅವಳು ಎಣ್ಣೆ ಕಾಯಿಸುತ್ತಾಳೆ.

ಅದನ್ನು ಚಾನೆಲ್ಲಿಗೆ ಒಯ್ದ. ಯಾವ ಚಾನೆಲ್ಲು ಎಂದು ನಾನು ಹೇಳುವುದಿಲ್ಲ, ಇಲ್ಲೇ ಇನ್ನೂ ಬಾಳಬೇಕು. ಕಥಾವಿಭಾಗಕ್ಕೆ ಆಗ ತಾನೇ ಸೇರಿದ್ದ ಡಾಕ್ಟರ್ ಮೆಖ್ಟಿಲ್ಡ್ ಓಸ್ಟರ್‌ಕಾಂಪ್ ಥರ್ಮಾಸಿನಿಂದ ಕಾಫಿ ಬಗ್ಗಿಸಿ, ತಟ್ಟೆಯಲ್ಲಿದ್ದ ಒಣ ಬಿಸ್ಕತ್ತನ್ನು ಅವನ ಕಡೆ ಸರಿಸಿ, ಕಣ್ಣೊರೆಸಿಕೊಂಡರು.

"ಅದ್ಭುತವಾಗಿದೆ, ಬ್ರೋಕ್ಮನ್ ಅವರೇ. ನಾನು ಅತ್ತುಬಿಟ್ಟೆ. ಆದರೆ ಒಂದು ಸಣ್ಣ ಪ್ರಶ್ನೆ. ಹೆಣ ಎಲ್ಲಿ?"

"ಹೆಣ ಇಲ್ಲ ಮೇಡಂ. ಇದು ಒಬ್ಬ ಹೆಂಗಸಿನ ಬೇಸಿಗೆ."

"ಗೊತ್ತು, ಗೊತ್ತು. ಬೇಸಿಗೆ ಹಾಗೇ ಇರಲಿ. ಅದರಲ್ಲಿ ಒಂದು ಹೆಣ ಬಂದರೆ ಬೇಸಿಗೆ ಇನ್ನೂ ಎದ್ದು ಕಾಣುತ್ತೆ."

ಅವನ ಮನೆಯ ಬಾಡಿಗೆಯೂ ಎದ್ದು ಕಾಣುತ್ತಿತ್ತು. ಒಪ್ಪಿಕೊಂಡ.

೨ (ಮತ್ತೆ, ಏಕೆಂದರೆ ಅವನಿಗೂ ಪ್ರತಿ ಸಲ ಹೀಗೇ ಆಯಿತು)

ಮೊದಲ ಸಲ ಅಲ್ಮೂಟ್ ಸತ್ತದ್ದು ಸಂಜೆಯ ಪೊಲೀಸ್ ಧಾರಾವಾಹಿಯಲ್ಲಿ. ಹೆಸರು ಬೇರೆ, ಆದರೆ ಅದೇ ನೀಲಿ ಏಪ್ರನ್ನು, ಅದೇ ಬೈಗುಳ. ಅವಳದೇ ಅಂಗಡಿಯ ಫ್ರೀಜರಿನಲ್ಲಿ, ಫ್ರೈಸಿನ ಚೀಲಗಳ ಕೆಳಗೆ ಸಿಕ್ಕಳು.

ಎರಡನೆಯ ಸಲ ಭಾನುವಾರದ ದೊಡ್ಡ ಚಿತ್ರದಲ್ಲಿ ಈಜುಕೊಳದಲ್ಲಿ ಮುಳುಗಿ ಸತ್ತಳು. ಆಯುಷ್ಯವೆಲ್ಲ ಕೊಳದ ದಂಡೆಯಲ್ಲೇ ಕಳೆದವಳಿಗೆ ಈಜು ಬರುವುದಿಲ್ಲವೇ ಎಂದು ಯಾರೂ ಕೇಳಲಿಲ್ಲ.

ಮೂರನೆಯ ಸಲ ಆಲ್ಪ್ಸ್ ಪರ್ವತದ ಬಂಡೆಯಿಂದ ಯಾರೋ ತಳ್ಳಿದರು. ಆ ಚಿತ್ರಕ್ಕೆ ಅರ್ಧ ಹಣ ದಕ್ಷಿಣದ ರಾಜ್ಯವೊಂದು ಕೊಟ್ಟಿತ್ತು. ಇಲ್ಲಿ ಹಣ ಎಲ್ಲಿಂದ ಬರುತ್ತದೋ ಕ್ಯಾಮೆರಾ ಅಲ್ಲಿಗೆ ಹೋಗಬೇಕು, ಕ್ಯಾಮೆರಾ ಹೋದಲ್ಲಿಗೆ ಕಥೆ ಬಾಲ ಅಲ್ಲಾಡಿಸಿಕೊಂಡು ಹೋಗಬೇಕು. ಹೀಗಾಗಿ ಈಜುಕೊಳದ ಪಕ್ಕದ ಫ್ರೈಸಿನಂಗಡಿ ಬೆಟ್ಟ ಹತ್ತಿತು. ಜನ್ಮದಲ್ಲಿ ಆಲ್ಪ್ಸ್ ಕಂಡಿರದ ಅಲ್ಮೂಟ್ ಪಾಪ ಸಾಯುವುದಕ್ಕಾದರೂ ಹೋಗಿಬಂದಳು.

ಏಕೆ ಪ್ರತಿ ಸಲವೂ ಅವಳನ್ನೇ? ನಾನು ಕೇಳಿದೆ.

"ನನಗೆ ಪೂರ್ತಿಯಾಗಿ ಗೊತ್ತಿರೋಳು ಅವಳೊಬ್ಬಳೇ," ಎಂದ ಹೆನ್ನಿಂಗ್. "ಗೊತ್ತಿಲ್ಲದವರನ್ನ ಸಾಯಿಸಿದ್ರೆ ನೋಡೋರಿಗೆ ನೋವಾಗಲ್ಲ ಕಣ್ರೀ."

ನೋವಾಯಿತು. ಬಹುಮಾನವೂ ಬಂತು. ಪತ್ರಿಕೆಗಳಲ್ಲಿ ನಟಿಯ ಹೆಸರು ಬಂತು, ನಿರ್ದೇಶಕನ ಹೆಸರು ಬಂತು, ನಾಯಿಗೆ ತರಬೇತಿ ಕೊಟ್ಟವನ ಹೆಸರೂ ಬಂತು. ಬರೆದವನ ಹೆಸರು ಬರಲಿಲ್ಲ, ಇಲ್ಲಿ ಅದು ವಾಡಿಕೆ. ಹಾಗಾಗಿ ಇಡೀ ದೇಶದಲ್ಲಿ ನಿಜವಾದ ಕೊಲೆಗಾರ ಯಾರು ಎಂದು ತಿಳಿದಿದ್ದದ್ದು ಲಿಪ್‌ಸ್ಟಾಟಿನ ಅಲ್ಮೂಟಳಿಗೆ, ಮತ್ತು ಅವಳ ಬಾಯಿಂದ ಕೇಳಿದ ಮಾಂಸದಂಗಡಿಯ ಹೆಂಗಸಿಗೆ.

"ಅಯ್ಯೋ ಅಲ್ಮೂಟ್, ನಿನ್ನೆ ಬಿದ್ದುಹೋದ್ಯಲ್ಲೇ! ನಾನಂತೂ ಸೋಫಾದಿಂದ ಎದ್ದು ನಿಂತ್ಬಿಟ್ಟೆ," ಎಂದಳು ಆ ಹೆಂಗಸು ಸೋಮವಾರ ಬೆಳಿಗ್ಗೆ, ಕೊಚ್ಚಿದ ಮಾಂಸ ತೂಗುತ್ತ. "ನಿನ್ನ ತಮ್ಮನಿಗೆ ನಿನ್ನ ಮೇಲೆ ಅದೇನು ಹಗೆನೋ!"

ಅಲ್ಮೂಟ್ ಮಾಂಸವನ್ನು ಅಲ್ಲೇ ಬಿಟ್ಟು ಹೊರಗೆ ಬಂದಳು. ಅಂದಿನಿಂದ ತಮ್ಮನ ಫೋನು ಎತ್ತಲಿಲ್ಲ. ಕ್ರಿಸ್‌ಮಸ್ಸಿಗೆ ಹೋದರೆ ಬಾಗಿಲು ತೆಗೆಯಲಿಲ್ಲ. ಒಳಗೆ ಟೀವಿಯ ಸದ್ದು ಮಾತ್ರ ಕೇಳುತ್ತಿತ್ತು.

೪

(೩ ಎಲ್ಲಿ ಎಂದು ಕೇಳಬೇಡಿ. ಅದರಲ್ಲಿ ಹೆನ್ನಿಂಗನ ಇಬ್ಬರು ಹೆಂಡಿರು ಮತ್ತು ಒಂದು ಡೈವೋರ್ಸು ಇತ್ತು. ತುಂಬಾ ಚೆನ್ನಾಗಿತ್ತು, ಯಾರೂ ಸಾಯಲಿಲ್ಲ, ಆದ್ದರಿಂದ ತೆಗೆದೆ.)

ಹೀಗೆ ವರ್ಷಗಳು ಕಳೆದವು. ಒಂದು ದಿನ ಫೋನು ಬಂತು.

"ಹೆನ್ನಿಂಗ್, ನಾನು. ಮಾತಾಡ್ಬೇಡ, ಕೇಳು. ನನ್ನ ಎಡಗಡೆ ಶ್ವಾಸಕೋಶದಲ್ಲಿ ಏನೋ ಇದೆ. ಅರ್ಧ ಕತ್ತರಿಸಿ ತೆಗೀತಾರಂತೆ."

ಅವನು ಬರೆಯುತ್ತಿದ್ದ ಪೆನ್ನಿಗೆ ಮುಚ್ಚಳ ಹಾಕಿದ.

ಇಲ್ಲಿ ನಾನು ಕಥೆ ನಿಲ್ಲಿಸಲೇಬೇಕಾಯಿತು. ಅಲ್ಮೂಟಳೇ ನನ್ನ ಮೇಜಿನ ಮುಂದೆ ಬಂದು ನಿಂತಿದ್ದಳು, ಸೊಂಟದ ಮೇಲೆ ಕೈಯಿಟ್ಟುಕೊಂಡು.

"ಈ ಕಾಯಿಲೆ ಯಾರು ಕೊಟ್ಟಿದ್ದು?"

"ನಾನೇ," ಎಂದೆ. ಸುಳ್ಳು ಹೇಳಿ ಪ್ರಯೋಜನವಿರಲಿಲ್ಲ.

"ಅವನು ಮೂರು ಸಲ ಕೊಂದ. ನಾಲ್ಕನೇದಕ್ಕೆ ನೀವು ಬಂದ್ರಾ? ದೂರದೂರಿಂದ ಇದಕ್ಕೇ ಬಂದ್ರಾ?"

"ಕೊಂದಿಲ್ಲಮ್ಮ. ಆಪರೇಷನ್, ಅಷ್ಟೇ."

"ಅಷ್ಟೇ! ನಿಮ್ಮ ಎದೆ ಕೊಯ್ದರೆ ಅಷ್ಟೇ ಅಂತೀರಾ?"

"ಕಾಯಿಲೆ ಇಲ್ಲದಿದ್ದರೆ ನೀವು ಅವನಿಗೆ ಫೋನು ಮಾಡೋದೇ ಇಲ್ಲ. ನಾಲ್ಕೈದು ಕರಡಿನಲ್ಲಿ ನೋಡಿದೆ. ಹುಟ್ಟುಹಬ್ಬಕ್ಕೆ ಮಾಡಲಿಲ್ಲ, ಅಂಗಡಿಗೆ ಬೆಂಕಿ ಬಿದ್ದಾಗಲೂ ಮಾಡಲಿಲ್ಲ. ನಿಮ್ಮ ಹಟಕ್ಕೆ ನಾನೇನು ಮಾಡಲಿ?"

ಅವಳು ಸೊಂಟದಿಂದ ಕೈ ತೆಗೆದಳು. "ಅದೂ ನಿಜ," ಎಂದು ವಾಪಸು ಫೋನಿಗೆ ಹೋದಳು. ನನಗೆ ಅವಳ ಮೇಲೆ ಆಗಲೇ ಪ್ರೀತಿ ಹುಟ್ಟಿಬಿಟ್ಟಿತ್ತು. ಕಥೆ ಬರೆಯುವವನಿಗೆ ಇದಕ್ಕಿಂತ ದೊಡ್ಡ ತೊಂದರೆ ಇಲ್ಲ.

"ಹೆನ್ನಿಂಗ್, ಇದ್ದೀಯಾ? ಒಂದು ಕೆಲಸ ಮಾಡು. ನಾನು ಬದುಕಿರೋ ಥರ ಒಂದು ಬರಿ. ಇನ್ನೊಂದು ಹತ್ತು ವರ್ಷ ನಾನು ಏನ್ ಮಾಡ್ತಾ ಇರ್ತೀನಿ ಅಂತ ನೋಡ್ಬೇಕು. ನಂಗೆ ಹೊಳೀತಾ ಇಲ್ಲ. ಕಣ್ಣು ಮುಚ್ಚಿದ್ರೆ ನಿನ್ನ ಆ ಫ್ರೀಜರೇ ಕಾಣುತ್ತೆ."

"ಬರೀತೀನಿ ಕಣೇ."

"ಟೀವಿಲಿ ಬರ್ಬೇಕು. ಆ ಮಾಂಸದಂಗಡಿಯವಳು ನೋಡ್ಬೇಕು."

೫

ಅವಳು ಕೇಳಿದ್ದು ಸಣ್ಣದು. ಆದರೆ ಹೆನ್ನಿಂಗನಿಗೆ ಕೈ ಓಡಲಿಲ್ಲ.

ಸಾಯುವವರ ಕೊನೆಯ ದಿನವನ್ನು ಅವನು ಕಣ್ಣು ಮುಚ್ಚಿಕೊಂಡು ಬರೆಯಬಲ್ಲ. ಬದುಕುವವರ ಒಂದು ಮಂಗಳವಾರ ಹೇಗಿರುತ್ತದೆ ಎಂಬುದು ಮರೆತೇಹೋಗಿತ್ತು. ಅಲ್ಮೂಟ್ ಈರುಳ್ಳಿ ಹೆಚ್ಚಲು ಚಾಕು ತೆಗೆದುಕೊಂಡಳು ಎಂದು ಬರೆದ ಕೂಡಲೇ ಚಾಕು ಹೊಳೆಯಲು ಶುರುವಾಗುತ್ತಿತ್ತು. ಬಾಗಿಲು ತೆಗೆದಳು ಎಂದರೆ ಹಿಂದೆ ಯಾರೋ ನಿಂತಿರುತ್ತಿದ್ದರು. ಕಿಟಕಿಯ ಬಳಿ ನಿಂತು ಚಹಾ ಕುಡಿದಳು ಎಂದರೆ ಎದುರು ಮನೆಯವನ ಕೈಯಲ್ಲಿ ದುರ್ಬೀನು ಬರುತ್ತಿತ್ತು. ಪಕ್ಕದ ಮನೆಯ ಬೆಕ್ಕಿಗೆ ಹಾಲಿಟ್ಟಳು ಎಂದು ಬರೆದು ನಿಟ್ಟುಸಿರು ಬಿಟ್ಟ. ಎರಡನೆಯ ಸಾಲಿನಲ್ಲಿ ಬೆಕ್ಕು ಸತ್ತಿತ್ತು, ಹಾಲಿನಲ್ಲಿ ವಿಷವಿತ್ತು.

ನಗಬೇಡಿ. ಅವನು ಮೇಜಿನ ಮೇಲೆ ತಲೆಯಿಟ್ಟು ಅತ್ತ.

"ಸಹಾಯ ಮಾಡ್ರೀ," ಎಂದ ನನಗೆ. "ನೀವಾದ್ರೂ ಒಂದು ಮಂಗಳವಾರ ಕೊಡಿ."

ನನ್ನ ಹತ್ತಿರವೂ ಇರಲಿಲ್ಲ. ನಾನೂ ಇದೇ ಕಸುಬಿನವನು. ಏನೂ ಆಗದ ದಿನಗಳನ್ನು ನಾವು "ಹೀಗೆ ವರ್ಷಗಳು ಕಳೆದವು" ಎಂದು ಒಂದು ಸಾಲಿನಲ್ಲಿ ಮುಗಿಸಿಬಿಡುತ್ತೇವೆ. ಬೇಕಾದರೆ ೪ನೆಯ ಭಾಗ ನೋಡಿ, ಅಲ್ಲೇ ಮುಗಿಸಿದ್ದೇನೆ.

ಕೊನೆಗೆ ಅವನು ರೈಲು ಹತ್ತಿ ಲಿಪ್‌ಸ್ಟಾಟಿಗೆ ಹೋದ. ಮುಚ್ಚಿದ ಅಂಗಡಿಯ ಎದುರು ಬೆಂಚಿನ ಮೇಲೆ ದಿನವಿಡೀ ಕೂತ. ಮುದುಕನೊಬ್ಬ ಎಲೆ ಗುಡಿಸಿದ. ಎರಡು ಹುಡುಗಿಯರು ಬೇಲಿಯ ಆಚೆಯಿಂದ ಖಾಲಿ ಕೊಳ ನೋಡಿ ಹೋದರು. ಯಾರೂ ಸಾಯಲಿಲ್ಲ. ಮರುದಿನವೂ ಹೋಗಿ ಕೂತ. ಹಾಗೆ ಬರೆದ: ಅರವತ್ತು ದಾಟಿದ ಹೆಂಗಸೊಬ್ಬಳು ಆಸ್ಪತ್ರೆಯಿಂದ ವಾಪಸು ಬರುತ್ತಾಳೆ, ಮೆಟ್ಟಿಲು ಹತ್ತುವಾಗ ಒಮ್ಮೆ ನಿಲ್ಲುತ್ತಾಳೆ, ಮೇ ತಿಂಗಳಲ್ಲಿ ಅಂಗಡಿ ತೆಗೆಯುತ್ತಾಳೆ. ಬಯ್ಯುವಷ್ಟು ಉಸಿರಿಲ್ಲದ್ದರಿಂದ ಒಂದು ಸೀಟಿ ಕೊಳ್ಳುತ್ತಾಳೆ. ಹತ್ತು ಬೇಸಿಗೆ, ಹತ್ತು ಸೆಪ್ಟೆಂಬರು. ಹೆಣ ಇಲ್ಲ.

೬

ಚಾನೆಲ್ಲಿನ ಸಭೆ. ಅದೇ ಥರ್ಮಾಸು, ಅದೇ ಒಣ ಬಿಸ್ಕತ್ತು, ಗುಳ್ಳೆ ಬರುವ ನೀರಿನ ಬಾಟಲಿಗಳು. ಈಗ ವಿಭಾಗದ ಮುಖ್ಯಸ್ಥೆಯಾಗಿರುವ ಡಾಕ್ಟರ್ ಓಸ್ಟರ್‌ಕಾಂಪ್, ಅವರ ಸುತ್ತ ಏಳೆಂಟು ಜನ. ಎಲ್ಲರೂ ಓದಿ ಬಂದಿದ್ದರು. ಇದೂ ಇಲ್ಲಿಯ ವಾಡಿಕೆ: ಎಲ್ಲರೂ ಓದುತ್ತಾರೆ, ಎಲ್ಲರೂ ಒಂದೊಂದು ಸಲಹೆ ಕೊಡುತ್ತಾರೆ, ಒಬ್ಬರ ಸಲಹೆ ಇನ್ನೊಬ್ಬರದರ ಕತ್ತು ಹಿಸುಕುತ್ತದೆ.

"ನಾನು ಅತ್ತುಬಿಟ್ಟೆ, ಬ್ರೋಕ್ಮನ್ ಅವರೇ," ಎಂದರು ಮುಖ್ಯಸ್ಥೆ.

ಹೆನ್ನಿಂಗ್ ಮುಂದಿನ ಮಾತಿಗೆ ಹಲ್ಲು ಕಚ್ಚಿ ಕೂತ.

"ಹೆಣ ಎಲ್ಲಿ ಅಂತ ಓದ್ತಾ ಓದ್ತಾ ಹುಡುಕಿದೆ. ಫ್ರೀಜರ್ ತೆಗೀತಾಳೆ, ಈಗ ಬರುತ್ತೆ ಅಂದ್ಕೊಂಡೆ, ಇಲ್ಲ! ಕೊಳಕ್ಕೆ ಇಳೀತಾಳೆ, ಈಗ ಅಂದ್ಕೊಂಡೆ, ಇಲ್ಲ! ಹತ್ತು ವರ್ಷ ಹೀಗೇ! ಮೈಯೆಲ್ಲ ಬೆವೆತುಹೋಯ್ತು. ಇಷ್ಟು ಭೀಕರವಾದ್ದನ್ನ ನೀವು ಯಾವತ್ತೂ ಬರೆದಿರಲಿಲ್ಲ."

"ಆ ಸೀಟಿ!" ಎಂದ ಪಕ್ಕದಲ್ಲಿದ್ದ ಗಡ್ಡದವನು. "ಅದನ್ನ ಊದಿದಾಗಲೆಲ್ಲ ನನ್ನ ಎದೆ ಝಲ್ ಅಂತು."

"ಅದು ಓಡೋ ಮಕ್ಕಳನ್ನ ತಡೆಯೋಕೆ," ಎಂದ ಹೆನ್ನಿಂಗ್.

"ಹಾಗಂತ ಅನ್ನಿಸೋ ಹಾಗೆ ಬರೆದಿದ್ದೀರಿ. ಭೇಷ್!"

"ಇದು ಮೊದಲನೇ ಭಾಗ," ಎಂದು ಮುಖ್ಯಸ್ಥೆ ತೀರ್ಮಾನ ಕೊಟ್ಟರು. "ಎರಡನೇ ಭಾಗದಲ್ಲಿ ಅವಳು ಸಾಯ್ತಾಳೆ. ಎರಡನ್ನೂ ಒಟ್ಟಿಗೇ ಮಾಡೋಣ. ಅಂದಹಾಗೆ ಬಾಲ್ಟಿಕ್ ಕಡಲತೀರದ ರಾಜ್ಯದವರು ಹಣ ಹಾಕೋಕೆ ತಯಾರಿದ್ದಾರೆ. ಈಜುಕೊಳ ಸಮುದ್ರದ ಪಕ್ಕಕ್ಕೆ ಹೋಗಲಿ."

ಸಮುದ್ರವೇ ಇರುವಾಗ ಪಕ್ಕದಲ್ಲಿ ಈಜುಕೊಳವೇಕೆ ಎಂದು ಯಾರೂ ಕೇಳಲಿಲ್ಲ.

"ಅವಳು ಸಾಯೋದಿಲ್ಲ," ಎಂದ ಹೆನ್ನಿಂಗ್. ಇಷ್ಟು ವರ್ಷಗಳಲ್ಲಿ ಅವನು ಆ ಕೋಣೆಯಲ್ಲಿ ದನಿ ಎತ್ತಿದ್ದು ಅದೇ ಮೊದಲು.

ಎಲ್ಲರೂ ನಕ್ಕರು. ಲೇಖಕರು ಗುಟ್ಟು ಬಿಟ್ಟುಕೊಡುತ್ತಿಲ್ಲ ಎಂದು ಗಡ್ಡದವನು ಬರೆದುಕೊಂಡ.

ಅತ್ತ ದರಿ ಇತ್ತ ಪುಲಿ. ಒಪ್ಪಿದರೆ ಅಕ್ಕನನ್ನು ನಾಲ್ಕನೆಯ ಸಲ ಸಾಯಿಸಬೇಕು. ಒಪ್ಪದಿದ್ದರೆ ಅವಳು ಬದುಕಿದ್ದನ್ನು ಯಾರೂ ನೋಡುವುದಿಲ್ಲ, ಮಾಂಸದಂಗಡಿಯವಳೂ ನೋಡುವುದಿಲ್ಲ.

೭

ಆಪರೇಷನ್ನಿನ ಹಿಂದಿನ ದಿನ ಮಧ್ಯಾಹ್ನ ಹೆನ್ನಿಂಗ್ ಆಸ್ಪತ್ರೆಗೆ ಹೋದ. ಅಲ್ಮೂಟ್ ದಿಂಬಿಗೊರಗಿ ಕೂತಿದ್ದಳು. ಸೊರಗಿದ್ದಳು. ವರ್ಷಗಳ ನಂತರ ಅಕ್ಕನ ಮುಖ ನೋಡಿದ ಅವನಿಗೆ ತಬ್ಬಿಕೊಳ್ಳಬೇಕೆನ್ನಿಸಿತು, ಆದರೆ ಅವರ ಮನೆಯಲ್ಲಿ ಅದು ರೂಢಿಯಿರಲಿಲ್ಲ. ಚಿತ್ರಕಥೆಯನ್ನು ಕೊಟ್ಟ. ಅವಳು ಕನ್ನಡಕ ಹಾಕಿಕೊಂಡು ಓದತೊಡಗಿದಳು. ಇವನು ಕಿಟಕಿಯ ಹೊರಗೆ ಕಾರು ನಿಲ್ಲಿಸುವ ಜಾಗವನ್ನು ನೋಡುತ್ತ ನಿಂತ. ಕೊನೆಯ ಹಾಳೆ ಮಗುಚುವ ಸದ್ದಾಯಿತು.

"ಚೆನ್ನಾಗಿದೆ," ಎಂದಳು.

"ನಿಜವಾಗ್ಲೂ?"

"ಸೀಟಿ ಚೆನ್ನಾಗಿದೆ. ನಾನು ಹಾಗೇ ಮಾಡ್ತೀನಿ. ಎಲ್ಲಾ ಸರಿಯಾಗಿದೆ." ಕನ್ನಡಕ ತೆಗೆದಳು. "ಆದ್ರೆ ಹೆನ್ನಿಂಗ್, ಬೇಜಾರು ಮಾಡ್ಕೋಬೇಡ. ಸಿಕ್ಕಾಪಟ್ಟೆ ಬೋರು ಕಣೋ."

"ಏನು?"

"ಯಾರೂ ಸಾಯೋದೇ ಇಲ್ವಲ್ಲೋ! ಭಾನುವಾರ ಸಂಜೆ ಇದನ್ನ ಯಾರೋ ನೋಡ್ತಾರೆ? ನಾನೇ ಚಾನೆಲ್ ಬದಲಾಯಿಸ್ತೀನಿ."

(ಓದುಗರೇ, ಇಲ್ಲಿ ನಾನು ಪೆನ್ನು ಕೆಳಗಿಟ್ಟೆ. ಈ ಮಾತು ನಾನು ಬರೆದದ್ದಲ್ಲ. ನನ್ನ ಕರಡಿನಲ್ಲಿ ಅವಳು ಅತ್ತು ತಮ್ಮನ ಕೈ ಹಿಡಿದುಕೊಳ್ಳುತ್ತಿದ್ದಳು. ಕೇಳಬೇಕಲ್ಲ!)

ಹೆನ್ನಿಂಗ್ ಅವಳನ್ನೇ ನೋಡಿದ. ಕೋಪ ಬರಬೇಕಿತ್ತು, ನಗು ಬಂತು. ಹೊಟ್ಟೆ ಹಿಡಿದುಕೊಂಡು ನಗತೊಡಗಿದ. ಅವಳೂ ನಕ್ಕಳು, ಕೆಮ್ಮು ಬಂತು, ಕೆಮ್ಮುತ್ತಲೇ ನಕ್ಕಳು.

"ಸರಿ, ಯಾರನ್ನ ಸಾಯಿಸೋಣ? ಹೇಳು," ಎಂದು ಅವನು ಕುರ್ಚಿ ಎಳೆದುಕೊಂಡ. "ನಿನ್ನನ್ನ ಬಿಟ್ಟು."

"ಡೆಟ್ಲೆಫ್."

"ಪಾಪ ಕಣೇ."

"ಏನು ಪಾಪ? ನಂಗೆ ಮೂರು ಸಾವು ಕೊಟ್ಟೆ, ಅವನಿಗೆ ಒಂದಾದ್ರೂ ಬೇಡ್ವಾ? ಕೊಳದ ಶುದ್ಧೀಕರಣ ಕೋಣೇಲಿ. ಕ್ಲೋರಿನ್ ಡಬ್ಬ ಇರುತ್ತಲ್ಲ, ಅಲ್ಲಿ. ಮುಖ ಹಸಿರಾಗಿರ್ಬೇಕು."

"ಕ್ಲೋರಿನ್‌ಗೆ ಮುಖ ಹಸಿರಾಗಲ್ಲ."

"ಟೀವಿಲಿ ಆಗುತ್ತೆ ಬಿಡು."

"ಸಿಕ್ಕಿದ್ದು ಯಾರಿಗೆ?"

"ನಂಗೇ. ಬೆಳಿಗ್ಗೆ. ನಾನು ಕಿರುಚಲ್ಲ. ಮೊದಲು ಕಾಫಿ ಕುಡೀತೀನಿ, ಆಮೇಲೆ ಪೊಲೀಸರಿಗೆ ಫೋನು."

ಔಷಧಿ ತಂದ ನರ್ಸ್ ಬಾಗಿಲಲ್ಲೇ ನಿಂತಳು. "ಎಲ್ಲಾ ಸರಿಯಾಗಿದೆಯಾ?" ಎಂದಳು.

"ಒಂದು ಕೊಲೆ ಮಾಡ್ತಾ ಇದ್ದೀವಿ, ಆಮೇಲೆ ಬನ್ನಿ," ಎಂದಳು ಅಲ್ಮೂಟ್.

ಇಳಿಹೊತ್ತಿನವರೆಗೂ ಹೀಗೇ ಸಾಗಿತು. ನೀರಿನ ವ್ಯಾಯಾಮದವಳ ಮೇಲೆ ಅನುಮಾನ ಬರುವ ಹಾಗೆ ಮಾಡಿದರು. ಮಾಂಸದಂಗಡಿಯವಳ ಕೈಗೊಂದು ದೊಡ್ಡ ಕತ್ತಿ ಕೊಟ್ಟರು. ಚಿಕ್ಕಂದಿನಲ್ಲಿ ಒಂದೇ ಮಂಚದ ಮೇಲೆ ಹೊದಿಕೆಯೊಳಗೆ ಪಿಸುಗುಟ್ಟುತ್ತಿದ್ದ ಹಾಗೆ ಇಬ್ಬರೂ ತಲೆಗೆ ತಲೆ ತಾಗಿಸಿಕೊಂಡಿದ್ದರು. ಹೆನ್ನಿಂಗನ ಆಯುಷ್ಯದಲ್ಲಿ ಅಷ್ಟು ಒಳ್ಳೆಯ ಕಥಾಸಭೆ ನಡೆದಿರಲಿಲ್ಲ.

"ಸರಿ," ಎಂದ ಕೊನೆಗೆ. "ಕೊಂದಿದ್ದು ಯಾರು?"

"ಗೊತ್ತು ನಂಗೆ."

"ಯಾರು?"

"ನಾಳೆ ಹೇಳ್ತೀನಿ. ಎಚ್ಚರ ಆದ್ಮೇಲೆ."

"ಈಗ್ಲೇ ಹೇಳೇ, ಅಲ್ಮೂಟ್."

"ಈಗ್ಲೇ ಹೇಳ್ಬಿಟ್ರೆ ನಾಳೆ ಎಚ್ಚರ ಆಗೋಕೆ ನಂಗೇನು ಕೆಲಸ?" ಎಂದು ಅವಳು ದೀಪದ ಕಡೆ ತಿರುಗಿ ಮಲಗಿದಳು.

೮, ಅಥವಾ ಮುಗಿಸುವ ಬಗೆಗಳು

ಕ. ಚಾನೆಲ್ಲಿಗಾಗಿ: ಬಾಗಿಲು ತೆಗೆಯುತ್ತದೆ, ಸರ್ಜನ್ ಮಾಸ್ಕು ಕೆಳಗೆ ಎಳೆದು ಇಲ್ಲವೆಂದು ತಲೆಯಾಡಿಸುತ್ತಾರೆ, ಹಿನ್ನೆಲೆಯಲ್ಲಿ ಪಿಯಾನೊ. ಬರೆದೆ. ನನ್ನ ಕೈಬರಹವೇ ನನಗೆ ಹೇಸಿಗೆಯಾಯಿತು.

ಖ. ಒಳ್ಳೆಯ ಮನಸ್ಸಿನ ಓದುಗರಿಗಾಗಿ: ಅಲ್ಮೂಟ್ ಕಣ್ಣು ತೆರೆಯುತ್ತಾಳೆ, ಕೊಲೆಗಾರನ ಹೆಸರು ಹೇಳುತ್ತಾಳೆ, ಅಕ್ಕ ತಮ್ಮ ಫ್ರೈಸು ತಿನ್ನುತ್ತಾರೆ. ಬರೆದೆ. ಹೆನ್ನಿಂಗನೇ ನಂಬಲಿಲ್ಲ. "ನೀವು ನನ್ನನ್ನ ಸಮಾಧಾನ ಮಾಡ್ತಾ ಇದ್ದೀರಿ," ಎಂದ.

ಗ. ವಿಮರ್ಶಕರಿಗಾಗಿ: ಅಲ್ಮೂಟ್ ಎಂಬವಳು ಇರಲೇ ಇಲ್ಲ, ಎಲ್ಲ ಬರಹಗಾರನ ಭ್ರಮೆ. ಇದನ್ನು ಬರೆಯುವ ಮೊದಲೇ ಅಲ್ಮೂಟ್ ನನ್ನ ಪೆನ್ನು ಕಸಿದುಕೊಂಡಳು.

ಹಾಗಾಗಿ ಕಥೆ ಇಲ್ಲಿಗೆ ಬಂದು ನಿಂತಿದೆ: ಆಸ್ಪತ್ರೆಯ ಮೊಗಸಾಲೆ, ಬೆಳಗಿನ ಬಿಸಿಲು, ಮುಚ್ಚಿದ ಜೋಡಿ ಬಾಗಿಲು. ಡಾಕ್ಟರು ಹೇಳಿದ್ದಕ್ಕಿಂತ ಹೊತ್ತು ಹೆಚ್ಚಾಗಿದೆ. ಹೊರಗೆ ಪ್ಲಾಸ್ಟಿಕ್ ಕುರ್ಚಿಯಲ್ಲಿ ಹೆನ್ನಿಂಗ್ ಬ್ರೋಕ್ಮನ್. ಮೂವತ್ತು ವರ್ಷ ಬರೆದವನು, ಮೊದಲ ಸಾಲಿಗೂ ಮೊದಲೇ ಕೊಲೆಗಾರ ಯಾರೆಂದು ತಿಳಿದಿರುತ್ತಿದ್ದವನು, ಈಗ ಯಾರೆಂದು ಗೊತ್ತಿಲ್ಲದೆ ಕೂತಿದ್ದಾನೆ. ಅವನಿಗೆ ಹೆದರಿಕೆಯಾಗಿದೆ. ಫೋನು ಎರಡು ಸಲ ಸದ್ದು ಮಾಡಿತು. ಓಸ್ಟರ್‌ಕಾಂಪ್ ಎರಡನೆಯ ಭಾಗ ಕೇಳುತ್ತಿದ್ದಾರೆ. ಅವನು ಎತ್ತಲಿಲ್ಲ.

"ಬಾಗಿಲು ತೆಗೀಲಾ?" ಎಂದು ಕೇಳಿದೆ. ಒಂದು ವಾಕ್ಯದ ಕೆಲಸ. ಆಚೆ ಏನಿದೆ ಎಂಬುದೂ ಅದೇ ವಾಕ್ಯದಲ್ಲಿ ನಿರ್ಧಾರವಾಗುತ್ತದೆ.

ಅವನು ಬಾಗಿಲನ್ನೇ ನೋಡಿದ. ಎದ್ದು ನಿಂತ. ಜೇಬಿನಲ್ಲಿ ಚಿಲ್ಲರೆಗೆ ತಡಕಾಡಿದ.

"ಕೆಳಗೆ ಮಿಷಿನ್ನಿದೆ. ಒಂದು ಕಾಫಿ ತಗೊಂಡು ಬರ್ತೀನಿ," ಎಂದ. "ನಾನು ಬರೋವರೆಗೂ ದಯವಿಟ್ಟು ಏನೂ ಬರೀಬೇಡಿ."

ಹೋಗಿದ್ದಾನೆ. ಮಿಷಿನ್ನಿನ ಮುಂದೆ ಅವನ ಕಾಫಿ ಕಪ್ಪು ಆಗಲೇ ತುಂಬಿದೆ. ಅದನ್ನು ಹಿಡಿದುಕೊಂಡು ಅವನು ಅಲ್ಲೇ ನಿಂತಿದ್ದಾನೆ, ಮೇಲೆ ಬರುತ್ತಿಲ್ಲ. ನಾನೂ ಅವಸರ ಮಾಡುತ್ತಿಲ್ಲ. ನಿಮಗೆ ಅವಸರವಿದ್ದರೆ ಕ್ಷಮಿಸಿ, ಆ ಬಾಗಿಲಿನ ಹಿಡಿಕೆಗೆ ನಾನು ಕೈ ಹಾಕುವುದಿಲ್ಲ. ನಾನು ಬರೆಯದಿರುವಷ್ಟು ಹೊತ್ತು ಆ ಬಾಗಿಲಿನ ಆಚೆ ಅಲ್ಮೂಟ್ ಬದುಕಿಯೇ...